ಕರಾರು ಮುರಿದುಬಿದ್ದು ಊರಿಗೆ ಬಂದ ಆಟಗಾರ

(ಗುರುತು ಸಿಗದಂತೆ ವಿವರಗಳನ್ನು ಬದಲಿಸಲಾಗಿದೆ.)

ದಾವಣಗೆರೆಯ 28ರ ಯುವಕ. ಆರು ವರ್ಷದಲ್ಲಿ ನಾಲ್ಕು ದೇಶ, ಐದು ಬಾಸ್ಕೆಟ್‌ಬಾಲ್ ಕ್ಲಬ್. ಕೊನೆಯ ಕ್ಲಬ್ ಸೀಸನ್ ನಡುವೆಯೇ ಮನೆಗೆ ಕಳಿಸಿತು, ಮೂರು ತಿಂಗಳ ಸಂಬಳ ಬಾಕಿ. ಹಗಲೆಲ್ಲ ನಿದ್ದೆ, ರಾತ್ರಿ ಮೂರರವರೆಗೆ, ಕ್ಲಬ್ ಹುಡುಕಿಕೊಡುವ ಏಜೆಂಟನ ಮೆಸೇಜಿಗೆ ಕಾಯುವುದು. ಸಲಹೆಗೆಂದು ನಮ್ಮಲ್ಲಿಗೆ ಕರೆತಂದ ತಂದೆಗೆ ಒಂದೇ ಚಿಂತೆ: ಇನ್ನಾದರೂ ನೌಕರಿ ಹಿಡಿಯಲಿ. ಮಗ ಹೇಳಿದ್ದು, "ಎಲ್ಲಾರೂ ಕೇಳ್ತಾರೆ ಸರ್, ವಾಪಸ್ ಯಾವಾಗ ಹೋಗ್ತೀಯ ಅಂತ. ಬಾಗಿಲು ದಾಟೋಕೇ ಮನಸಿಲ್ಲ."

ತನ್ನ ಆಟ ಸಾಲದಾಯಿತು ಎಂದು ಆತ ನಂಬಿದ್ದ. ಆದರೆ ವಿದೇಶಿ ಆಟಗಾರನ ಜಾಗವೇ ಅಂಥದ್ದು. ಲೀಗ್‌ಗಳಲ್ಲಿ ವಿದೇಶಿಯರ ಸಂಖ್ಯೆಗೆ ಸಾಮಾನ್ಯವಾಗಿ ಮಿತಿ ಇರುತ್ತದೆ. ತಂಡ ನಾಲ್ಕು ಪಂದ್ಯ ಸೋತರೆ ಮೊದಲು ಬದಲಾಗುವುದು ಆ ಜಾಗವೇ. ಜಪಾನಿನ ಬಿ.ಲೀಗ್ 2020-21ರಲ್ಲಿ ಏಷ್ಯಾ ಕೋಟಾ, ಅಂದರೆ ಕೆಲವು ಏಷ್ಯಾ ದೇಶಗಳ ಆಟಗಾರರಿಗೆ ಪ್ರತ್ಯೇಕ ಜಾಗ, ತಂದಾಗ ಆ ದೇಶಗಳ ಪಟ್ಟಿಯಲ್ಲಿ ಭಾರತ ಇರಲಿಲ್ಲ. ಅಂಥ ಕಡೆ ನಮ್ಮ ಹುಡುಗ ಪೈಪೋಟಿ ಮಾಡಬೇಕಾದ್ದು ಅಮೆರಿಕದವರ ಜೊತೆ. ಇದನ್ನು ಸಮಾಧಾನಕ್ಕೆ ಹೇಳಲಿಲ್ಲ, ಲೆಕ್ಕ ತಿಳಿಯಲಿ ಎಂದು ಹೇಳಿದೆವು.

ಎರಡನೇ ಭೇಟಿಗೆ ಕರಾರು ಪತ್ರ ತರಿಸಿದೆವು. ನಾಲ್ಕಾಗಿ ಮಡಚಿ ಪಾಸ್‌ಪೋರ್ಟಿನೊಳಗೆ ಇಟ್ಟಿದ್ದ. ಕೊನೆಯ ಪುಟವನ್ನು ಓದಿಯೇ ಇರಲಿಲ್ಲ. ಅಲ್ಲಿತ್ತು ಬಿಎಟಿ (ಬಾಸ್ಕೆಟ್‌ಬಾಲ್ ಆರ್ಬಿಟ್ರಲ್ ಟ್ರಿಬ್ಯುನಲ್) ಷರತ್ತು. ಕ್ಲಬ್-ಆಟಗಾರರ ವ್ಯಾಜ್ಯಕ್ಕೆ ಅಂತರರಾಷ್ಟ್ರೀಯ ಬಾಸ್ಕೆಟ್‌ಬಾಲ್ ಒಕ್ಕೂಟ ಫಿಬಾ 2007ರಲ್ಲಿ ಆರಂಭಿಸಿದ, ಜಿನೀವಾದ ಪಂಚಾಯ್ತಿ ಮಂಡಳಿ ಅದು. ಕರಾರಿನಲ್ಲಿ ಈ ಷರತ್ತು ಬರೆದಿಲ್ಲದಿದ್ದರೆ ಆ ಬಾಗಿಲು ಸಾಮಾನ್ಯವಾಗಿ ತೆರೆಯದು. ತೀರ್ಪಿನಂತೆ ಹಣ ಕೊಡದ ಕ್ಲಬ್ ಹೊಸ ವಿದೇಶಿಯರನ್ನು ಸೇರಿಸಿಕೊಳ್ಳದಂತೆ ಫಿಬಾ ತಡೆ ಹಾಕಬಲ್ಲದು.

ಹೇಳಿದ ಕೆಲಸ: ಕಂತುವಾರು ಬಾಕಿ ಪಟ್ಟಿ, ಬ್ಯಾಂಕ್ ಸ್ಟೇಟ್‌ಮೆಂಟ್, ಮ್ಯಾನೇಜರನ ವಾಟ್ಸಾಪ್ ಮಾತು, ಎಲ್ಲ ಒಂದೇ ಫೈಲಿಗೆ. ಆಮೇಲೆ ಗಡುವು ಹಾಕಿ ಇಮೇಲ್‌ನಲ್ಲಿ ನೋಟಿಸ್. ಅದಕ್ಕೂ ಜಗ್ಗದಿದ್ದರೆ ಕ್ರೀಡಾ ಕಾನೂನು ಬಲ್ಲ ವಕೀಲರು. ಅರ್ಜಿಗೆ ಮರಳಿ ಬಾರದ ಶುಲ್ಕ ಉಂಟು, ಬಾಕಿ ಮೊತ್ತದ ಜೊತೆ ತೂಗಿ ನೋಡಬೇಕು. "ಎಲ್ಲ ಬಾಕಿ ತೀರಿದೆ" ಎಂಬ ಕಾಗದಕ್ಕೆ ಸಹಿ ಹಾಕಿದರೇ ಬಿಡುಗಡೆ ಪತ್ರ (ಬೇರೆ ದೇಶದ ಕ್ಲಬ್‌ಗೆ ಆಡಲು ಬೇಕಾದದ್ದು) ಎಂದು ಕ್ಲಬ್ ಹೆದರಿಸಿತ್ತು. ಅದು ಸುಳ್ಳು ಬೆದರಿಕೆ. ಕರಾರು ಇನ್ನೂ ಚಾಲ್ತಿಯಲ್ಲಿದ್ದರೆ ಮಾತ್ರ ಆ ಪತ್ರ ನಿರಾಕರಿಸಲು ಬರುತ್ತದೆ, ಮತ್ತು ಅದನ್ನು ಕೊಡುವುದು ಆ ದೇಶದ ಫೆಡರೇಷನ್, ಕ್ಲಬ್ ಅಲ್ಲ. ಪುಣ್ಯಕ್ಕೆ ಹುಡುಗ ಸಹಿ ಹಾಕಿರಲಿಲ್ಲ.

ಮುಂದಿನ ಕರಾರಿಗೆ ನಾಲ್ಕು ಮಾತು. ವಿಸಿಟ್ ವೀಸಾದಲ್ಲಿ ಆಡಲು ಹೋಗಬಾರದು. ವೈದ್ಯಕೀಯ ಪರೀಕ್ಷೆ ತಲುಪಿದ ಎರಡು-ಮೂರು ದಿನದೊಳಗೆ ಮುಗಿಯಬೇಕು. ದಿನ ಬರೆಯದೆ ಬಿಟ್ಟರೆ ತಿಂಗಳಾದ ಮೇಲೂ ಕ್ಲಬ್ "ಫೇಲಾದೆ" ಎನ್ನಬಹುದು. ಸಂಬಳ ತೆರಿಗೆ ಕಳೆದ ಮೇಲಿನದ್ದೋ ಮುಂಚಿನದ್ದೋ, ಬರಹದಲ್ಲಿರಲಿ. ಎಷ್ಟು ದಿನ ಸಂಬಳ ತಪ್ಪಿದರೆ ತಾನೇ ಬಿಟ್ಟು ಬರಬಹುದು ಎಂಬುದೂ ಇರಲಿ.

ಕಾಯುವುದಕ್ಕೂ ಕೊನೆ ಬೇಕಿತ್ತು. ಯುರೋಪಿನ ತಂಡಗಳು ಬಹುಪಾಲು ತುಂಬುವುದು ಜುಲೈ-ಆಗಸ್ಟಿನಲ್ಲಿ. ಆಮೇಲೆ ಗಾಯಾಳುಗಳ ಬದಲಿಗೆ ಕರೆ ಬರುವುದು ಡಿಸೆಂಬರ್-ಜನವರಿಯಲ್ಲಿ. ಜನವರಿ 31ರವರೆಗೆ ಪ್ರಯತ್ನ, ಅಲ್ಲಿವರೆಗೆ ನೌಕರಿ ಮಾತು ಎತ್ತಬೇಡಿ ಎಂದು ತಂದೆಯವರನ್ನು ಕೇಳಿಕೊಂಡೆವು. ಅದರ ಜೊತೆಗೇ ಕ್ರೀಡಾ ಕೋಟಾ ಅರ್ಜಿಗಳ ಕೊನೆಯ ದಿನಾಂಕ ಬರೆದಿಡುವುದು ಮಗನ ಹೊಣೆ. ಏಜೆಂಟನಿಗೆ ವಾರಕ್ಕೆ ಎರಡೇ ಮೆಸೇಜ್, ಹಗಲಲ್ಲಿ.

ಮೂರನೇ ಭೇಟಿಯ ಹೊತ್ತಿಗೆ ರಾತ್ರಿ ಹತ್ತಕ್ಕೆ ಫೋನನ್ನು ಅಪ್ಪನ ಕೋಣೆಯಲ್ಲಿಟ್ಟು ಮಲಗುತ್ತಿದ್ದ. ನೋಟಿಸ್ ಹೋಗಿತ್ತು. ಒಂದು ಕಂತು ಬಂದಿದೆ, ಎರಡು ಬರಬೇಕು.