ಚೊಂಬು ಎಲ್ಲಿತ್ತು?

ಪ್ರಿಯ ಕಥೆಗಾರರೇ,

ನಿಮ್ಮ 'ತೀರ್ಪು' ಕಥೆ ತಲುಪಿತು. ಶಿರಸಿ ಸೀಮೆಯ ಮಳೆ ಚೆನ್ನಾಗಿ ಬಂದಿದೆ, ಭಾಷೆಯೂ ಸಲೀಸು. ಹೊಗಳಿಕೆ ಇಷ್ಟೇ. ಓದಿ ನನಗೆ ಸಿಟ್ಟು ಬಂತು, ಅದಕ್ಕೇ ಈ ಕಾಗದ.

ಲಕ್ವ ಹೊಡೆದ ತಾಯಿ ಕೊಟ್ಟಿಗೆ ಪಕ್ಕದ ಕೋಣೆಯಲ್ಲಿ ಸಾಯುತ್ತಾಳೆ. ಆರನೇ ಪುಟದಲ್ಲಿ ಮಗ ಜೈಲಿಗೆ ಹೋಗುತ್ತಾನೆ. ನಡುವೆ ನೀವು ಬರೆದದ್ದು ಒಂದೇ ಸಾಲು: "ಮಗ ಅವಳನ್ನು ಕ್ರೂರವಾಗಿ ನಿರ್ಲಕ್ಷಿಸಿದ." ಕ್ರೂರವಾಗಿ ಅಂದ್ರೆ ಹೇಗೆ? ಗಂಜಿ ಕೊಡಲಿಲ್ಲವಾ? ಬಟ್ಟಲು ಇಟ್ಟು, ಕುಡಿಸದೆ ಹೋದನಾ? ಬೆನ್ನ ಹುಣ್ಣು ಕಂಡೂ ಮಗ್ಗುಲು ಹೊರಳಿಸಲಿಲ್ಲವಾ? ಒಂದೊಂದೂ ಬೇರೆ ಕಥೆ. ಕೋರ್ಟಿನಲ್ಲಿ ಬೇರೆ ಬೇರೆ ಕೇಸು.

ಮುಂದಿನ ಸಾಲು: "ಶಿರಸಿ ಜೆಎಂಎಫ್‌ಸಿ ನ್ಯಾಯಾಧೀಶರು ಕೊಲೆಗಾಗಿ ಜೀವಾವಧಿ ವಿಧಿಸಿದರು." ಜೆಎಂಎಫ್‌ಸಿ ಅಂದ್ರೆ ಪ್ರಥಮ ದರ್ಜೆ ಮ್ಯಾಜಿಸ್ಟ್ರೇಟ್ ಕೋರ್ಟು, ಅದು ಮೂರು ವರ್ಷಕ್ಕಿಂತ ಜಾಸ್ತಿ ಜೈಲು ಕೊಡುವ ಹಾಗಿಲ್ಲ. ಕೊಲೆ ಕೇಸು ಅದಕ್ಕೂ ಮೇಲಿನ ಸೆಷನ್ಸ್ ಕೋರ್ಟಿಗೇ ಹೋಗಬೇಕು. ಇದನ್ನು ಪೆನ್ಸಿಲ್‌ನಲ್ಲಿ ತಿದ್ದಬಹುದು ಬಿಡಿ. ತಿದ್ದಲಾಗದ್ದು ಆ 'ಕೊಲೆ' ಅನ್ನೋ ಮಾತು. ಅನ್ನ ಕೊಡದೆ ಸಾಯಿಸುವುದೂ ಕೊಲೆಯಾಗಬಹುದು, ನಿಜ. 1860ರ ದಂಡಸಂಹಿತೆಯ 36ನೇ ಕಲಮಿನ ಉದಾಹರಣೆಯೇ ಅದು: ಒಂದಷ್ಟು ಹೊಡೆದು, ಒಂದಷ್ಟು ಉಪವಾಸ ಕೆಡವಿ, ಬೇಕಂತಲೇ ಕೊಂದವನು ಕೊಲೆಗಾರ. ನಿಮ್ಮ ಕಥೆಯಲ್ಲಿ ಆ 'ಬೇಕಂತಲೇ' ಎಲ್ಲಿದೆ? ನಿಮ್ಮವನು ತೋಟಕ್ಕೆ ಕೊಳೆ ರೋಗದ ಔಷಧಿ ಹೊಡೆಸುವ ಗಡಿಬಿಡಿಯಲ್ಲಿ ಮೂರು ದಿನ ಕೋಣೆ ಕಡೆ ಹೋಗಿಲ್ಲ, ಅಷ್ಟೇ. ನಿರ್ಲಕ್ಷ್ಯದ ಸಾವು ಅಂತ ಕೇಸು ನಿಂತರೂ ಅದೇ ಹಳೇ ದಂಡಸಂಹಿತೆಯ 304ಎ ಕಲಮಿನ ಪ್ರಕಾರ ಹೆಚ್ಚೆಂದರೆ ಎರಡು ವರ್ಷ. 2024ರ ಜುಲೈ 1ರ ನಂತರ ನಡೆದದ್ದಾದರೆ ಅದರ ಜಾಗಕ್ಕೆ ಬಂದ ಭಾರತೀಯ ನ್ಯಾಯ ಸಂಹಿತೆಯ 106, ಐದು ವರ್ಷದವರೆಗೆ. ಹೆತ್ತವರನ್ನು ಪೂರ್ತಿ ಕೈಬಿಡಲೆಂದೇ ಎಲ್ಲೋ ಬಿಟ್ಟುಬಂದವನಿಗೆ ಹೆತ್ತವರ, ಹಿರಿಯ ನಾಗರಿಕರ ಪಾಲನೆಯ 2007ರ ಕಾಯ್ದೆಯಲ್ಲಿ ಮೂರು ತಿಂಗಳವರೆಗೆ ಜೈಲು, ಇಲ್ಲವೇ 5000 ರೂಪಾಯಿವರೆಗೆ ದಂಡ, ಇಲ್ಲವೇ ಎರಡೂ. ನಿಮ್ಮ ಕಥೆಯ ಮಗನಿಗೆ ಏನು ಗೊತ್ತಿತ್ತು, ಯಾವಾಗ ಗೊತ್ತಾಯ್ತು ಅಂತ ನೀವು ಒಂದು ಕಡೆಯೂ ಕೇಳಿಲ್ಲ.

ನಾನೂ ಕೇಳುತ್ತಿರಲಿಲ್ಲ. ಕಾರವಾರದಲ್ಲಿ ಕೋರ್ಟು ಸುದ್ದಿ ಬರೆಯುತ್ತಿದ್ದ ಹೊಸತರಲ್ಲಿ ಇಂಥದ್ದೇ ಒಂದು ಕೇಸು ಬಂತು. 'ಹೃದಯಹೀನ ಮಗ' ಅಂತ ಶುರು ಮಾಡಿದ್ದೆ. ಡೆಸ್ಕಿನ ಹಿರಿಯರು ಅದರ ಮೇಲೆ ಕೆಂಪು ಗೀಟು ಎಳೆದು, "ಪಂಚನಾಮೆ ಓದಿದ್ಯೇನೋ?" ಅಂದರು. ಸಾವಿನ ಜಾಗದಲ್ಲಿ ಕಂಡದ್ದನ್ನೆಲ್ಲ ಪೊಲೀಸರು ಸಾಕ್ಷಿಗಳ ಎದುರು ಬರೆದಿಡುವ ಆ ಕಾಗದ ನಾನು ಓದಿರಲಿಲ್ಲ. ವಾಪಸ್ ಹೋಗಿ, ವಕೀಲರ ಗುಮಾಸ್ತರಿಗೆ ಚಾ ಕುಡಿಸಿ ಓದಿದೆ. ಕೋಣೆಯ ಅಳತೆ. ಚಾಪೆ. ಹರಿದ ಕಂಬಳಿ. ಕೊನೆಗೆ: ನೀರು ತುಂಬಿದ ಹಿತ್ತಾಳೆ ಚೊಂಬು ಒಂದು, ಬಾಗಿಲ ಪಕ್ಕ, ಹಾಸಿಗೆಯಿಂದ ಆರು ಅಡಿ. ಆ ಮುದುಕಿಗೆ ಏಳಲು ಆಗುತ್ತಿರಲಿಲ್ಲ. ಯಾರೋ ನೀರು ತಂದಿದ್ದರು, ಬಾಗಿಲಲ್ಲೇ ಇಟ್ಟು ಹೋಗಿದ್ದರು. ವಾಸನೆಗೆ ಒಳಗೆ ಬರಲಿಲ್ಲವೋ, ಯಾರೋ ಕರೆದರು ಅಂತ ಓಡಿದರೋ. ಆವತ್ತು ರಾತ್ರಿ ನನಗೆ ಊಟ ಸೇರಲಿಲ್ಲ. ಸುದ್ದಿಯಲ್ಲಿ ಚೊಂಬು ಬರೆದೆ, 'ಹೃದಯಹೀನ' ಬರೆಯಲಿಲ್ಲ.

ನಿಮ್ಮ ಕಥೆಯ ನ್ಯಾಯಾಧೀಶರ ಒಂದೂವರೆ ಪುಟದ ಭಾಷಣ ಪೂರ್ತಿ ತೆಗೆಯಿರಿ. ನಿಮ್ಮ ಎರಡನೇ ಪುಟದಲ್ಲಿ ಸೊಸೆ ತವರಿನಿಂದ ಫೋನ್ ಮಾಡಿ, "ಅತ್ತೆಗೆ ಗಂಜಿ ಕೊಟ್ರಾ?" ಅನ್ನುತ್ತಾಳೆ. ಅವನು ಕೊಳೆ ಔಷಧಿಯ ಮೈಲುತುತ್ತದ ಡ್ರಮ್ಮು ಕಲಕುತ್ತಾ "ಹ್ಞೂಂ" ಅನ್ನುತ್ತಾನೆ. ನೀವು ಸುಮ್ನೆ ದಾಟಿ ಹೋಗಿದ್ದೀರಿ. ಕೊಟ್ಟಿರಲಿಲ್ಲ, ಅಲ್ವಾ? ಅಲ್ಲಿಂದ ಮತ್ತೆ ಬರೆಯಿರಿ. ದೀಪಾವಳಿ ಒಳಗೆ ಕಳಿಸಿದರೆ ಸಾಕು.