ರಿಯಾಲಿಟಿ ಶೋ ಮುಗಿದ ಮೇಲೆ ಅದರಲ್ಲಿ ಇದ್ದವರು ಹೇಗೆ ಸಂಪಾದಿಸುತ್ತಾರೆ?

ಹೆಚ್ಚಾಗಿ ಟಿವಿಯ ಆಚೆ. ಅಂಗಡಿ ಉದ್ಘಾಟನೆ, ಗಣೇಶೋತ್ಸವದ ವೇದಿಕೆ, ಇನ್‌ಸ್ಟಾಗ್ರಾಮ್ ಜಾಹೀರಾತು, ಸ್ವಂತ ಯೂಟ್ಯೂಬ್ ಚಾನೆಲ್.

ನಟನಿಗೆ ಒಂದು ಪಾತ್ರ ಮುಗಿದರೆ ಇನ್ನೊಂದು ಸಿಗಬಹುದು. ತಾವು ತಾವಾಗಿಯೇ ಕಾಣಿಸಿಕೊಂಡವರ ಹತ್ತಿರ ಇರುವುದು ಜನರ ಪರಿಚಯ ಮಾತ್ರ. ದಿನಾ ರಾತ್ರಿ ನಮ್ಮ ಮನೆಯ ಟಿವಿಯಲ್ಲಿ ಮಾತಾಡಿ, ಜಗಳ ಆಡಿ, ಅತ್ತವರು ನಮಗೆ ಬೇಕಾದವರೇ ಅನ್ನಿಸಿಬಿಡುತ್ತಾರೆ ಅಲ್ವಾ, ಆ ಸಲಿಗೆಗೇ ಅಂಗಡಿಯವರು ದುಡ್ಡು ಕೊಡುವುದು. ತುಮಕೂರಿನ ಬಿ.ಎಚ್. ರಸ್ತೆಯಲ್ಲಿ ಸೀರೆ ಅಂಗಡಿ ಶುರುವಾಗುವ ದಿನ ನೋಡಿ. ಫ್ಲೆಕ್ಸ್‌ನಲ್ಲಿ ಅವರ ಮುಖ ಅಂಗಡಿ ಹೆಸರಿಗಿಂತ ದೊಡ್ಡದಾಗಿರುತ್ತದೆ. ಟೇಪು ಕತ್ತರಿಸಿ, ಶೋನಲ್ಲಿ ಹೇಳುತ್ತಿದ್ದ ಅದೇ ಡೈಲಾಗನ್ನು ಮೈಕಿನಲ್ಲಿ ಒಂದು ಸಲ ಹೇಳಿ, ಸೆಲ್ಫಿಗೆ ನಿಂತರೆ ಕೆಲಸ ಮುಗೀತು.

ಆದರೆ ಈ ಪರಿಚಯ ಬೇಗ ಹಳತಾಗುತ್ತದೆ. ಕನ್ನಡದ ಬಿಗ್ ಬಾಸ್ 2013ರಲ್ಲಿ ಶುರುವಾಯಿತು, ಹೆಚ್ಚುಕಡಿಮೆ ಪ್ರತಿ ವರ್ಷ ಹೊಸ ಮುಖಗಳು ಬರುತ್ತಲೇ ಇವೆ. ಅವರು ಬಂದ ಕೂಡಲೇ ಕರೆಗಳೂ ಅತ್ತ ತಿರುಗುತ್ತವೆ. ಹಾಡು, ಅಡುಗೆ, ಶಿಡ್ಲಘಟ್ಟದ ಕಡೆಯವರಾದರೆ ರೇಷ್ಮೆ ಹುಳು ಸಾಕಣೆ, ಹೀಗೆ ಕೈಯಲ್ಲಿ ಒಂದು ಕೆಲಸ ಇದ್ದವರೇ ಜಾಸ್ತಿ ದಿನ ಉಳಿಯುತ್ತಾರೆ ಅನ್ನುವುದು ನನ್ನ ಅಭಿಪ್ರಾಯ, ಯಾಕಂದ್ರೆ ಅವರಿಗೆ ನಾಳೆಯ ವಿಡಿಯೋದಲ್ಲೂ ತೋರಿಸಲು ಏನೋ ಇರುತ್ತದೆ. ಯೂಟ್ಯೂಬ್‌ನಲ್ಲಿ ಉದ್ದದ ವಿಡಿಯೋಗಳ ಜಾಹೀರಾತು ಆದಾಯದಲ್ಲಿ 55% ಚಾನೆಲ್‌ನವರಿಗೆ ಸೇರುತ್ತದೆ. ಅದಕ್ಕೆ ಮೊದಲು 1,000 ಚಂದಾದಾರರು, 12 ತಿಂಗಳಲ್ಲಿ 4,000 ಗಂಟೆ ವೀಕ್ಷಣೆ ಆಗಿರಬೇಕು. ಟಿವಿಯಲ್ಲಿ ಕಂಡ ಮುಖಕ್ಕೆ ಈ ಮೆಟ್ಟಿಲು ಬೇಗ ಹತ್ತಲು ಆಗುತ್ತದೆ.