ಹಾಸ್ಯನಟನೆಂಬ ಮುದ್ರೆ ಬೀಳುವ ಭಯಕ್ಕೆ ಬಂದ ಪಾತ್ರವನ್ನು ಬಿಡಬೇಕೇ?

ಹಾಸ್ಯ ಚಿತ್ರಗಳಲ್ಲಿ ಸಣ್ಣಪುಟ್ಟ ಪಾತ್ರ ಮಾಡಿದ್ದೀರಿ, ಮತ್ತೆ ಅಂಥದ್ದೇ ಬಂದಿದೆ, ಒಪ್ಪಿದರೆ ಹಾಸ್ಯನಟನೆಂಬ ಮುದ್ರೆ ಬೀಳುತ್ತದೆ ಎಂಬ ಅಂಜಿಕೆ ನಿಮ್ಮದು. ನನಗೂ ಇದೇ ಅಂಜಿಕೆಯಿತ್ತು, ಅದೇ ನನಗೆ ಮುಳುವಾಯಿತು.

ಹವ್ಯಾಸಿ ನಾಟಕ ತಂಡದಿಂದ ಸಿನಿಮಾಕ್ಕೆ ಬಂದವನು ನಾನು. ಒಂದು ಹಾಸ್ಯ ಚಿತ್ರದಲ್ಲಿ ಮನೆ ಮಾಲೀಕನ ಗುಮಾಸ್ತನ ಪಾತ್ರ ಸಿಕ್ಕಿತು. ಬಾಡಿಗೆ ವಸೂಲಿಗೆ ಬಂದು, ನಾಯಕನ ಕಷ್ಟದ ಕಥೆ ನಂಬಿ, ತಾನೇ ಕೈಸಾಲ ಕೊಟ್ಟು ಹೋಗುವ ಆಸಾಮಿ. ‘ಬಾಡಿಗೆ’ ಎಂದು ಬಾಯಿ ತೆರೆದು, ಉಗುಳು ನುಂಗಿ, ಆಮೇಲೆ ‘ನಿಧಾನವಾಗಿ ಕೊಡಿ’ ಎನ್ನಬೇಕು. ಚಿತ್ರೀಕರಣದಲ್ಲಿ ಲೈಟ್ ಹುಡುಗರೂ ನಕ್ಕರು. ಮುಂದಿನ ಚಿತ್ರಕ್ಕೂ ಕರೆಯುತ್ತೇನೆ ಎಂದರು ನಿರ್ದೇಶಕರು.

ಆ ಚಿತ್ರದ ಡಬ್ಬಿಂಗ್‌ಗೆ ಗೊತ್ತುಮಾಡಿದ ದಿನವೇ ಬೇರೊಂದು ಚಿತ್ರದಲ್ಲಿ ‘ಗಂಭೀರ ಪಾತ್ರ’ವಿದೆ ಎಂದು ಕರೆದರು. ಮುದ್ರೆ ತಪ್ಪಿಸಿಕೊಳ್ಳುವ ಆಸೆಗೆ ಅಲ್ಲಿಗೆ ಹೋದೆ. ಹೇಗೂ ಮುಖ ನನ್ನದೇ ಇದೆಯಲ್ಲ, ಧ್ವನಿ ಯಾರದಾದರೇನು ಎಂದುಕೊಂಡೆ. ಇದನ್ನು ಸ್ವಲ್ಪ ಬಿಡಿಸಿ ಹೇಳುತ್ತೇನೆ. ಚಿತ್ರೀಕರಣದಲ್ಲಿ ಹಿಡಿದ ಧ್ವನಿ ಬಹಳ ಸಲ ದಾರಿ ತೋರಿಸಲು ಮಾತ್ರ. ತೆರೆಯ ಮೇಲೆ ಕೇಳುವುದು ಡಬ್ಬಿಂಗ್ ಕೋಣೆಯಲ್ಲಿ ಹೇಳಿದ ಮಾತು. ಅಂದರೆ ನಗು ಹುಟ್ಟಿಸುವ ಆ ಅರೆಕ್ಷಣದ ತಡೆ ಅಲ್ಲಿ ಎರಡನೆಯ ಸಲ ಹುಟ್ಟಬೇಕು. ನನ್ನ ಬದಲಿಗೆ ಬಂದವರು ತುಟಿ ಅಲುಗಿದ ಕಡೆಯೆಲ್ಲ ಮಾತು ಕೂರಿಸಿದರು. ನಾನು ಉಗುಳು ನುಂಗಿದ ಜಾಗದಲ್ಲಿ ‘ಅದು, ಏನೆಂದರೆ’ ಎಂಬ ಎರಡು ಪದ ತುಂಬಿದರು. ಚಿತ್ರಮಂದಿರದಲ್ಲಿ ಆ ದೃಶ್ಯಕ್ಕೆ ಒಬ್ಬರೂ ನಗಲಿಲ್ಲ. ಆ ನಿರ್ದೇಶಕರು ಮತ್ತೆ ಕರೆಯಲಿಲ್ಲ. ಗಂಭೀರ ಪಾತ್ರ ಸಂಕಲನದ ಮೇಜಿನಲ್ಲೇ ಕತ್ತರಿಸಿಹೋಯಿತು.

ಹಾಗಾಗಿ ನಿಮ್ಮ ಪ್ರಶ್ನೆಯ ಬುಡವನ್ನೇ ನಾನು ಒಪ್ಪುವುದಿಲ್ಲ. ಪೋಷಕ ನಟನಿಗೆ ಮುದ್ರೆಯೇ ಅನ್ನ. ‘ಆ ಗುಮಾಸ್ತನನ್ನು ಕರೆಯಿರಿ’ ಎಂದು ಯಾರಾದರೂ ಹೇಳುವಂತಾದರೆ ಅದು ಭಾಗ್ಯ. ಗುಬ್ಬಿ ವೀರಣ್ಣನವರ ಕಂಪನಿಯಲ್ಲಿ ಬಾಲನಟರಾಗಿದ್ದ ಎಂ.ಎಸ್. ಉಮೇಶ್ 1960ರ ‘ಮಕ್ಕಳ ರಾಜ್ಯ’ದಿಂದ ಸಿನಿಮಾಕ್ಕೆ ಬಂದರು; ‘ಕಥಾಸಂಗಮ’ದ ಪಾತ್ರಕ್ಕೆ ರಾಜ್ಯ ಪ್ರಶಸ್ತಿ ಪಡೆದ ಮೇಲೂ ದಶಕಗಳ ಕಾಲ ನಗಿಸುವ ಸಣ್ಣ ಪಾತ್ರಗಳನ್ನು ಮಾಡಿದರು. ಭಿಕ್ಷುಕ, ಕುಡುಕನ ಪಾತ್ರಗಳಲ್ಲೇ ಗುರುತಾದ ವೈಜನಾಥ ಬಿರಾದಾರರಿಗೆ ಗಿರೀಶ ಕಾಸರವಳ್ಳಿಯವರು ‘ಕನಸೆಂಬ ಕುದುರೆಯನೇರಿ’ಯಲ್ಲಿ ಮುಖ್ಯ ಪಾತ್ರ ಕೊಟ್ಟರು, ಸ್ಪೇನಿನ ಚಿತ್ರೋತ್ಸವದಲ್ಲಿ ಅವರು ಅತ್ಯುತ್ತಮ ನಟ ಎನಿಸಿಕೊಂಡರು. ಯಾವ ಮುದ್ರೆ ಅವರನ್ನು ತಡೆಯಿತು, ಹೇಳಿ?

ಕಲಿಯುವುದಿದ್ದರೆ ಹಳೆಯ ಕನ್ನಡ ಚಿತ್ರಗಳ ಹಾಸ್ಯನಟ ಟಿ.ಎನ್. ಬಾಲಕೃಷ್ಣ ಅವರನ್ನು ನೋಡಿ. ಕಿವಿ ಸರಿಯಾಗಿ ಕೇಳಿಸದಿದ್ದರೂ ಎದುರಿನವರ ತುಟಿ ನೋಡಿಯೇ ಮಾತಿನ ಸಮಯ ಹಿಡಿಯುತ್ತಿದ್ದರು. ಅವರ ದೃಶ್ಯಗಳಲ್ಲಿ ಅವರು ಮಾತಾಡದೆ ಕಾಯುವ ಹೊತ್ತನ್ನು ಗಮನಿಸಿ.

ಈ ಪಾತ್ರವನ್ನು ಒಪ್ಪಿಕೊಳ್ಳಿ. ಆದರೆ ಮುಂಗಡ ಪಡೆಯುವ ದಿನವೇ ‘ಡಬ್ಬಿಂಗ್ ನಾನೇ ಮಾಡುತ್ತೇನೆ’ ಎಂದು ನಿರ್ದೇಶಕರಿಗೂ ಪ್ರೊಡಕ್ಷನ್ ಮ್ಯಾನೇಜರ್‌ಗೂ ಹೇಳಿಬಿಡಿ. ಬಾಕಿ ಸಂಭಾವನೆಯನ್ನೂ ಡಬ್ಬಿಂಗ್ ಹೊತ್ತಿಗೆ ಚುಕ್ತಾ ಮಾಡಿಸಿಕೊಳ್ಳಿ. ಆಮೇಲೆ ಕೇಳಿದರೆ ಫೋನ್ ಎತ್ತುವವರಿರುವುದಿಲ್ಲ. ಡಬ್ಬಿಂಗ್ ದಿನಕ್ಕೆ ಬೇರೆ ಯಾವ ಕಾಲ್‌ಶೀಟ್ ಬಂದರೂ, ಅದು ನಾಯಕನ ಪಾತ್ರವೇ ಆಗಿದ್ದರೂ, ಮರುದಿನ ಬರುತ್ತೇನೆ ಎನ್ನಿ.